ವರ್ಗಾವಣೆ ಆದೇಶವನ್ನು ಆರೋಗ್ಯ, ಕುಟುಂಬದ ಕಾರಣಕ್ಕೆ ಪ್ರಶ್ನಿಸುವುದು ಹೇಗೆ? ಕಲಬುರಗಿ, ಬೀದರ್, ಯಾದಗಿರಿ ನೌಕರರಿಗೊಂದು ಸಮಗ್ರ ಮಾರ್ಗದರ್ಶಿ

ಶಿಲ್ಲಾಂಗಿನಲ್ಲಿ ಕೇಂದ್ರ ಸರ್ಕಾರದ ನೌಕರಿಯಲ್ಲಿದ್ದ ಒಬ್ಬರನ್ನು 1991ರಲ್ಲಿ ದೂರದ ಪೌರಿಗೆ (ಈಗಿನ ಉತ್ತರಾಖಂಡದ ಊರು) ವರ್ಗ ಮಾಡಿದರು. ಹೆಂಡತಿಯ ನೌಕರಿ ಶಿಲ್ಲಾಂಗಿನಲ್ಲಿ, ಮಕ್ಕಳ ಓದೂ ಅಲ್ಲೇ. ಅವರಿಗೆ ಹಿಂದೊಮ್ಮೆ ಬೆನ್ನುಮೂಳೆ ಮುರಿದಿತ್ತು. ಆಡಳಿತ ನ್ಯಾಯಮಂಡಳಿ ವರ್ಗಾವಣೆಯನ್ನು ರದ್ದು ಮಾಡಿತು. ಆದರೆ ಸುಪ್ರೀಂ ಕೋರ್ಟ್ 1993ರಲ್ಲಿ ಆ ರದ್ದನ್ನೇ ರದ್ದು ಮಾಡಿತು. ಗಂಡ ಹೆಂಡತಿಯನ್ನು ಆದಷ್ಟು ಒಂದೇ ಊರಲ್ಲಿಡಬೇಕೆಂಬ ಮಾರ್ಗಸೂಚಿ ನೌಕರನಿಗೆ ಕಾನೂನಿನ ಹಕ್ಕು ಕೊಡುವುದಿಲ್ಲ ಎಂದು ಅದು ಹೇಳಿತು. ಇದು ಯೂನಿಯನ್ ಆಫ್ ಇಂಡಿಯಾ ವಿರುದ್ಧ ಎಸ್.ಎಲ್. ಅಬ್ಬಾಸ್ ಪ್ರಕರಣ. ಇವತ್ತಿಗೂ ಸರ್ಕಾರಿ ವಕೀಲರು ಮೊದಲು ಕೈಗೆತ್ತಿಕೊಳ್ಳುವುದು ಇದನ್ನೇ.

ಅದೇ ತೀರ್ಪಿನಲ್ಲಿ ಇನ್ನೊಂದು ಮಾತೂ ಇದೆ. ನೌಕರ ತನ್ನ ವರ್ಗಾವಣೆ ಬಗ್ಗೆ ಮನವಿ ಕೊಟ್ಟರೆ, ಆಡಳಿತದ ಅಗತ್ಯವನ್ನು ಗಮನದಲ್ಲಿಟ್ಟುಕೊಂಡು ಸಕ್ಷಮ ಪ್ರಾಧಿಕಾರ ಅದನ್ನು ಪರಿಶೀಲಿಸಲೇಬೇಕು. ನಮ್ಮ ಭಾಗದ ನೌಕರರು ಈ ಎರಡನೇ ಮಾತನ್ನು ಬಳಸಿಕೊಳ್ಳುವುದೇ ಇಲ್ಲ. ಸಿಬ್ಬಂದಿ ಶಾಖೆಯ ಮೇಜಿನ ಆಚೆ ಬದಿಯಲ್ಲಿ ವರ್ಷಗಟ್ಟಲೆ ಕೂತು ಇಂಥ ಮನವಿಗಳನ್ನು ಓದಿದವನು ನಾನು. ಕಷ್ಟ ಸುಳ್ಳಾಗಿರುವುದು ಬಹಳ ಅಪರೂಪ. ಆದರೆ ಕಷ್ಟವನ್ನು ಯಾವುದಾದರೂ ನಿಯಮಕ್ಕೆ, ಯಾವುದಾದರೂ ದಾಖಲೆಗೆ ಕಟ್ಟಿ ಬರೆದಿರುವುದು ಇನ್ನೂ ಅಪರೂಪ. 'ತಾಯಿಗೆ ಹುಷಾರಿಲ್ಲ, ದಯವಿಟ್ಟು ರದ್ದು ಮಾಡಿ' ಎಂದು ಬರೆದ ಹಾಳೆ ಕಡತ ಸೇರಿ ಅಲ್ಲೇ ಉಳಿಯುತ್ತದೆ. ಅದನ್ನೇ ನಿಯಮ ಮತ್ತು ದಾಖಲೆ ಸಮೇತ ಬರೆದರೆ ಅಧಿಕಾರಿ ಟಿಪ್ಪಣಿ ಬರೆಯಲೇಬೇಕಾಗುತ್ತದೆ. ಈ ಬರಹ ಆ ಕೆಲಸಕ್ಕೆ.

ಆದೇಶ ಬಂದ ದಿನ

ವಾಟ್ಸ್ಯಾಪಿನಲ್ಲಿ ಹರಿದಾಡುವ ಪಿಡಿಎಫ್ ನೋಡಿ ಗಾಬರಿಯಾಗುವುದು ಸಹಜ. ಮೊದಲು ಆದೇಶದ ಸಹಿ ಇರುವ ಪ್ರತಿಯನ್ನು ಕಚೇರಿಯಿಂದ ಪಡೆಯಿರಿ. ಆಮೇಲೆ ಕೂತು ಓದಿ, ಪೆನ್ಸಿಲಿನಲ್ಲಿ ಗುರುತು ಹಾಕಿ.

ಆದೇಶ ಹೊರಡಿಸಿದವರು ಯಾರು, ನಿಮ್ಮ ವೃಂದದ ಮಟ್ಟಿಗೆ ಅವರಿಗೆ ಆ ಅಧಿಕಾರ ಇದೆಯೇ? 'ಸಾರ್ವಜನಿಕ ಹಿತಾಸಕ್ತಿ' ಎಂದಿದೆಯೋ, 'ಕೋರಿಕೆಯ ಮೇರೆಗೆ' ಎಂದಿದೆಯೋ, 'ಆಡಳಿತಾತ್ಮಕ ಕಾರಣ' ಎಂದಿದೆಯೋ? ನಿಮ್ಮ ಜಾಗಕ್ಕೆ ಇನ್ನೊಬ್ಬರ ಹೆಸರು ಬಂದಿದೆಯೇ? ಬಂದಿದ್ದರೆ ಅವರ ಹೆಸರಿನ ಮುಂದೆ 'ಕೋರಿಕೆ' ಎಂದು ಬರೆದಿದೆಯೇ? ಒಬ್ಬರ ಕೋರಿಕೆ ಪೂರೈಸಲು ಇನ್ನೊಬ್ಬರನ್ನು ಅವಧಿಗೆ ಮೊದಲೇ ಎಬ್ಬಿಸಿದ್ದಾರೆ ಎಂಬುದು ಗಟ್ಟಿ ವಾದ, ಅದು ಆದೇಶದ ಕೋಷ್ಟಕದಲ್ಲೇ ಕಾಣುತ್ತದೆ. ಹೊಸ ಹುದ್ದೆ ನಿಮ್ಮ ದರ್ಜೆಗೆ ಸಮಾನವೇ, ಅಥವಾ 'ಸ್ಥಳ ನಿರೀಕ್ಷಣೆ' ಎಂದು ಎಲ್ಲಿಗೂ ತೋರಿಸದೆ ಬಿಟ್ಟಿದ್ದಾರೆಯೇ ಎಂಬುದನ್ನೂ ನೋಡಿ.

ಕೊನೆಯ ಪ್ಯಾರಾವನ್ನು ತಪ್ಪದೆ ಓದಿ. 'ತಕ್ಷಣ ಬಿಡುಗಡೆ ಮಾಡತಕ್ಕದ್ದು', 'ಬಿಡುಗಡೆಗೊಂಡಿರುವುದಾಗಿ ಭಾವಿಸತಕ್ಕದ್ದು' ಅಥವಾ 'ಬದಲಿ ನೌಕರರು ಹಾಜರಾದ ನಂತರವಷ್ಟೇ ಬಿಡುಗಡೆ ಮಾಡತಕ್ಕದ್ದು' ಎಂಬ ಸಾಲು ಅಲ್ಲಿರುತ್ತದೆ. ನಿಮ್ಮ ಕೈಯಲ್ಲಿ ಎಷ್ಟು ದಿನ ಇದೆ ಎಂಬುದು ಈ ಸಾಲಿನಿಂದ ತಿಳಿಯುತ್ತದೆ. ಬಿಡುಗಡೆ ಆಗಿ, ಬದಲಿ ನೌಕರರು ಕಾರ್ಯಭಾರ ವಹಿಸಿಕೊಂಡು, ಸಿ.ಟಿ.ಸಿ. (ಕಾರ್ಯಭಾರ ಹಸ್ತಾಂತರ ಪತ್ರ) ಸಹಿಯಾದ ಮೇಲೆ ತಡೆಯಾಜ್ಞೆ ಸಿಗುವುದು ಬಲು ಕಷ್ಟ. ಈ ವಿಷಯದಲ್ಲಿ ಒಂದು ವಾರ ಸುಮ್ಮನಿದ್ದರೂ ನಷ್ಟ ದೊಡ್ಡದು.

ನಿಮಗೆ ಅನ್ವಯಿಸುವ ನಿಯಮ ಯಾವುದು?

ಎಲ್ಲರಿಗೂ ಒಂದೇ ನಿಯಮ ಎಂದು ತಿಳಿದು ದಾರಿ ತಪ್ಪುವವರೇ ಹೆಚ್ಚು.

ಶಾಲಾ ಶಿಕ್ಷಕರಿಗೆ 2020ರ ಶಿಕ್ಷಕರ ವರ್ಗಾವಣೆ ನಿಯಂತ್ರಣ ಕಾಯ್ದೆ ಇದೆ. ಕೌನ್ಸೆಲಿಂಗ್, ಎ-ಬಿ-ಸಿ ವಲಯ (ಶಾಲೆ ಇರುವ ಜಾಗದ ವಿಂಗಡಣೆ), ಗಂಭೀರ ಕಾಯಿಲೆ, ಅಂಗವಿಕಲತೆ, ವಿಧವೆಯರು, ದಂಪತಿ ಪ್ರಕರಣ ಎಲ್ಲ ಅದರ ಚೌಕಟ್ಟಿಗೆ ಬರುತ್ತವೆ. ಆರೋಗ್ಯ ಇಲಾಖೆಯ ವೈದ್ಯಾಧಿಕಾರಿಗಳಿಗೂ ಇತರ ಸಿಬ್ಬಂದಿಗೂ 2011ರ ಪ್ರತ್ಯೇಕ ಕಾಯ್ದೆ ಇದೆ. ಕಾಯ್ದೆ ಇರುವ ಇಲಾಖೆಯವರು ಒಂದು ರೀತಿಯಲ್ಲಿ ಪುಣ್ಯವಂತರು. ಮಾರ್ಗಸೂಚಿ ಮುರಿದರೆ ನ್ಯಾಯಾಲಯ 'ಅದು ಬರೀ ಮಾರ್ಗಸೂಚಿ' ಎನ್ನಬಹುದು, ಕಾಯ್ದೆಯ ಕಡ್ಡಾಯ ಕಲಮು ಮುರಿದರೆ ಹಾಗೆನ್ನಲಾಗದು. ಶಿಲ್ಪಿ ಬೋಸ್ ಪ್ರಕರಣದಲ್ಲಿ (1991) ಸುಪ್ರೀಂ ಕೋರ್ಟ್ ವರ್ಗಾವಣೆಯಲ್ಲಿ ಕೈ ಹಾಕಲು ಒಪ್ಪಿದ್ದು ಎರಡೇ ಸಂದರ್ಭಕ್ಕೆ: ಕಡ್ಡಾಯ ಶಾಸನಬದ್ಧ ನಿಯಮದ ಉಲ್ಲಂಘನೆ ಮತ್ತು ದುರುದ್ದೇಶ.

ಉಳಿದ ಬಹುತೇಕ ರಾಜ್ಯ ನೌಕರರಿಗೆ, ಅಂದರೆ ಕಂದಾಯ, ಪಂಚಾಯತ್ ರಾಜ್, ಲೋಕೋಪಯೋಗಿ, ಸಮಾಜ ಕಲ್ಯಾಣದಂಥ ಇಲಾಖೆಗಳವರಿಗೆ, ಸಿಬ್ಬಂದಿ ಮತ್ತು ಆಡಳಿತ ಸುಧಾರಣೆ ಇಲಾಖೆಯ 07.06.2013ರ ಸರ್ಕಾರಿ ಆದೇಶವೇ (ಸಿಆಸುಇ 22 ಸೇನೌವ 2013) ಆಧಾರ. ಆಮೇಲೆ ಅದಕ್ಕೆ ತಿದ್ದುಪಡಿಗಳು ಬಂದಿವೆ, ಪ್ರತಿ ವರ್ಷ ಸಾರ್ವತ್ರಿಕ ವರ್ಗಾವಣೆಯ ಸುತ್ತೋಲೆಯೂ ಬರುತ್ತದೆ. ನಿಮ್ಮ ಗುಂಪಿಗೆ ನಿಗದಿಯಾದ ಕನಿಷ್ಠ ಸೇವಾ ಅವಧಿಯನ್ನು ಚಾಲ್ತಿಯಲ್ಲಿರುವ ಸುತ್ತೋಲೆ ನೋಡಿ ಖಚಿತ ಮಾಡಿಕೊಳ್ಳಿ. ಅವಧಿಗೆ ಮೊದಲೇ ವರ್ಗ ಮಾಡಲು ಕಾರಣ ದಾಖಲಿಸಬೇಕು, ಮುಖ್ಯಮಂತ್ರಿಗಳ ಪೂರ್ವಾನುಮೋದನೆ ಬೇಕು. ಈ ಅನುಮೋದನೆ ಕಡತದಲ್ಲಿ ಇದೆಯೇ, ಆದೇಶಕ್ಕೆ ಮುಂಚಿನ ದಿನಾಂಕದ್ದೇ, ಅದರಲ್ಲಿ ಕಾರಣ ಬರೆದಿದೆಯೇ ಎಂಬ ಮೂರು ಪ್ರಶ್ನೆಗಳ ಮೇಲೆಯೇ ಎಷ್ಟೋ ಪ್ರಕರಣ ನಿಂತಿವೆ. ಆರೋಗ್ಯದ ಕಾರಣ ಹಿಡಿದು ಹೊರಟ ನೌಕರರಿಗೆ ಕೊನೆಗೆ ಗೆಲುವು ತಂದುಕೊಡುವುದು ಇದೇ ಆಗಿರಬಹುದು. ಹಾಗಾಗಿ ಆರೋಗ್ಯವೊಂದನ್ನೇ ನಂಬಿ ಇದನ್ನು ಬಿಡಬೇಡಿ.

ನಮ್ಮ ಭಾಗಕ್ಕೆ ವಿಶೇಷವಾದದ್ದು ಸಂವಿಧಾನದ 371ಜೆ ವಿಧಿ. ಆ ವಿಧಿಯಡಿ 2013ರ ನವೆಂಬರಿನ ಆದೇಶದಿಂದ ಸ್ಥಳೀಯ ವೃಂದ (ಈ ಭಾಗದ ಹುದ್ದೆಗಳ ಪ್ರತ್ಯೇಕ ಗುಂಪು) ರಚನೆಯಾಗಿದೆ. ನೀವು ಸ್ಥಳೀಯ ವೃಂದದ ಹುದ್ದೆಯಲ್ಲಿದ್ದು ಆದೇಶ ನಿಮ್ಮನ್ನು ಕಲ್ಯಾಣ ಕರ್ನಾಟಕದ ಆಚೆ ಕಳಿಸುತ್ತಿದ್ದರೆ, ನಿಮ್ಮ ಹುದ್ದೆ ಯಾವ ವೃಂದದ್ದು ಎಂದು ನೇಮಕಾತಿ ಆದೇಶ ಮತ್ತು ಜ್ಯೇಷ್ಠತಾ ಪಟ್ಟಿ ತೆಗೆದು ನೋಡಿ. ಅದೊಂದು ಪ್ರತ್ಯೇಕ ಆಧಾರ.

ಕೇಂದ್ರ ಸರ್ಕಾರಿ ನೌಕರರಿಗೆ, ಅಂಚೆಯವರಾಗಲಿ ರೈಲ್ವೆಯವರಾಗಲಿ, ಬೇರೆ ನಿಯಮಾವಳಿ. ದಂಪತಿಯನ್ನು ಒಂದೇ ಸ್ಥಳದಲ್ಲಿಡುವ ಬಗ್ಗೆ 30.09.2009ರ ಜ್ಞಾಪನ, ಅಂಗವಿಕಲ ಅವಲಂಬಿತರನ್ನು ನೋಡಿಕೊಳ್ಳುವ ನೌಕರರಿಗೆ ವಾಡಿಕೆಯ ವರ್ಗಾವಣೆಯಿಂದ ವಿನಾಯಿತಿ ಕೊಡುವ 08.10.2018ರ ಜ್ಞಾಪನ ಅವರಿಗೆ ಆಸರೆ. ರಾಜ್ಯ ನೌಕರರು ಇವನ್ನು ಹಕ್ಕೆಂದು ಕೇಳಲಾಗದು, ಮನವಿಯಲ್ಲಿ ಮಾದರಿಯಾಗಿ ಮಾತ್ರ ತೋರಿಸಬಹುದು.

ವೈದ್ಯಕೀಯ ದಾಖಲೆ: ಗೆಲ್ಲುವುದೂ ಸೋಲುವುದೂ ಇಲ್ಲೇ

ಖಾಸಗಿ ಕ್ಲಿನಿಕ್ಕಿನ ಲೆಟರ್‌ಹೆಡ್ಡಿನಲ್ಲಿ 'ವಿಶ್ರಾಂತಿ ಅಗತ್ಯ' ಎಂದು ಬರೆಸಿಕೊಂಡು ಬಂದರೆ ಯಾವ ಅಧಿಕಾರಿಯೂ ನಂಬುವುದಿಲ್ಲ, ನಂಬಬೇಕಾಗಿಯೂ ಇಲ್ಲ. ಆದೇಶ ಬಂದ ಮರುದಿನದ ದಿನಾಂಕ ಹೊತ್ತ ಪ್ರಮಾಣಪತ್ರ ಅನುಮಾನವನ್ನು ಇನ್ನೂ ಹೆಚ್ಚಿಸುತ್ತದೆ. ಕಾಯಿಲೆ ಆದೇಶಕ್ಕಿಂತ ಹಳೆಯದು ಎಂದು ದಾಖಲೆಗಳೇ ಹೇಳಬೇಕು. ಹಳೆಯ ಹೊರರೋಗಿ ಚೀಟಿ, ಡಿಸ್ಚಾರ್ಜ್ ಸಾರಾಂಶ, ಸ್ಕ್ಯಾನ್ ವರದಿ, ಔಷಧದ ಬಿಲ್ಲು, ವೈದ್ಯಕೀಯ ವೆಚ್ಚ ಮರುಪಾವತಿಗೆ ಹಿಂದೆ ಕೊಟ್ಟ ಅರ್ಜಿ, ಎಲ್ಲವನ್ನೂ ದಿನಾಂಕದ ಕ್ರಮದಲ್ಲಿ ಜೋಡಿಸಿ. ನಿಮ್ಮದೇ ಇಲಾಖೆ ಹಿಂದೆ ಮಂಜೂರು ಮಾಡಿದ ಮರುಪಾವತಿ ಬಿಲ್ಲು ಬಹಳ ಬೆಲೆಯ ದಾಖಲೆ. ಆ ಕಾಯಿಲೆ ಗೊತ್ತೇ ಇಲ್ಲ ಎಂದು ಇಲಾಖೆ ಹೇಳಲಾರದು.

ಆಮೇಲೆ ಸರ್ಕಾರಿ ತಜ್ಞರ ಅಭಿಪ್ರಾಯ. ಕಲಬುರಗಿಯಲ್ಲಿ ಜಿಮ್ಸ್, ಬೀದರಿನಲ್ಲಿ ಬ್ರಿಮ್ಸ್, ಯಾದಗಿರಿಯಲ್ಲಿ ಯಿಮ್ಸ್ ಎಂಬ ಸರ್ಕಾರಿ ವೈದ್ಯಕೀಯ ಕಾಲೇಜುಗಳಿವೆ. ಹೃದ್ರೋಗಕ್ಕೆ ಕಲಬುರಗಿಯ ಜಯದೇವ, ಕ್ಯಾನ್ಸರಿಗೆ ಕಿದ್ವಾಯಿಯ ಕಲಬುರಗಿ ಕೇಂದ್ರದಲ್ಲಿ ಚಿಕಿತ್ಸೆ ನಡೆಯುತ್ತಿದ್ದರೆ ಅಲ್ಲಿಯ ವೈದ್ಯರಿಂದಲೇ ಬರೆಸಿಕೊಳ್ಳಿ. ನಿಮ್ಮ ಇಲಾಖೆಯ ನಿಯಮ ವೈದ್ಯಕೀಯ ಮಂಡಳಿಯ ಪ್ರಮಾಣಪತ್ರ ಕೇಳಿದರೆ ಬೇರೆ ಯಾವುದೂ ನಡೆಯುವುದಿಲ್ಲ. ಮಂಡಳಿ ದಿನಾಲೂ ಕೂರುವುದಿಲ್ಲ, ಹಾಗಾಗಿ ಮೊದಲ ದಿನವೇ ಅರ್ಜಿ ಹಾಕಿ, ಹಾಕಿದ್ದಕ್ಕೆ ಸ್ವೀಕೃತಿ ಪಡೆದು, ಆ ಸ್ವೀಕೃತಿಯನ್ನು ಮನವಿಗೆ ಲಗತ್ತಿಸಿ.

ವೈದ್ಯರ ಪತ್ರದಲ್ಲಿ ರೋಗದ ಹೆಸರಿಗಿಂತ ಮುಖ್ಯವಾದ ಕೆಲವು ಸಾಲುಗಳಿವೆ. ಚಿಕಿತ್ಸೆ ಎಷ್ಟು ಕಾಲ ನಡೆಯಬೇಕು. ವಾರಕ್ಕೆ ಅಥವಾ ತಿಂಗಳಿಗೆ ಎಷ್ಟು ಸಲ ಆಸ್ಪತ್ರೆಗೆ ಬರಬೇಕು. ತುರ್ತು ಬಂದರೆ ಎಷ್ಟು ಹೊತ್ತಿನಲ್ಲಿ ಆಸ್ಪತ್ರೆ ತಲುಪಬೇಕು. ದೀರ್ಘ ಪ್ರಯಾಣ ಅಪಾಯವೇ. ರೋಗಿಯ ಜೊತೆ ಒಬ್ಬರು ಇರಲೇಬೇಕೇ. ಈ ಸಾಲುಗಳಿಲ್ಲದ ಪತ್ರ, ಕಾಯಿಲೆ ಎಷ್ಟೇ ದೊಡ್ಡದಿರಲಿ, ವರ್ಗಾವಣೆಯ ಪ್ರಶ್ನೆಗೆ ಉತ್ತರ ಕೊಡುವುದಿಲ್ಲ.

ಇನ್ನೊಂದು ಅರ್ಧವನ್ನು ಎಲ್ಲರೂ ಮರೆಯುತ್ತಾರೆ. ಇಲ್ಲಿ ಚಿಕಿತ್ಸೆ ನಡೆದಿದೆ ಎಂದು ಹೇಳಿದಿರಿ ಸರಿ, ಹೊಸ ಊರಲ್ಲಿ ಅದು ಸಿಗುವುದಿಲ್ಲ ಎಂಬುದಕ್ಕೆ ಏನು ಆಧಾರ? ತಾಯಿಗೆ ಡಯಾಲಿಸಿಸ್ ಎಂದು ಬರೆಯುತ್ತೀರಿ. ಡಯಾಲಿಸಿಸ್ ಈಗ ತಾಲ್ಲೂಕು ಆಸ್ಪತ್ರೆಗಳಿಗೂ ಬಂದಿದೆ. ಅಧಿಕಾರಿ ಒಂದು ಫೋನು ಮಾಡಿ ಕೇಳಿದರೆ ನಿಮ್ಮ ಮನವಿ ಅಲ್ಲಿಗೇ ಮುಗಿಯಿತು. ಬದಲಿಗೆ, ಅಲ್ಲಿ ಯಂತ್ರವಿದ್ದರೂ ಮೂತ್ರಪಿಂಡ ತಜ್ಞರಿಲ್ಲ, ತಾಯಿಗೆ ಹೃದಯದ ತೊಂದರೆಯೂ ಇರುವುದರಿಂದ ತಜ್ಞರ ನಿಗಾ ಬೇಕೆಂದು ವೈದ್ಯರು ಬರೆದಿದ್ದಾರೆ ಎಂದರೆ ಅದು ಉತ್ತರ. ವಿಕಿರಣ ಚಿಕಿತ್ಸೆ, ನರರೋಗ ತಜ್ಞರು, ಮಕ್ಕಳ ವಾಕ್ ಚಿಕಿತ್ಸೆ ಇಂಥವುಗಳ ಬಗ್ಗೆ ಹೊಸ ಊರಿನ ತಾಲ್ಲೂಕು ಆಸ್ಪತ್ರೆಯ ಆಡಳಿತ ವೈದ್ಯಾಧಿಕಾರಿಯಿಂದ 'ಈ ಸೌಲಭ್ಯ ಲಭ್ಯವಿಲ್ಲ' ಎಂಬ ಒಂದು ಸಾಲಿನ ಪತ್ರ ತನ್ನಿ. ಕೊಡದಿದ್ದರೆ ಮಾಹಿತಿ ಹಕ್ಕಿನಡಿ 10 ರೂಪಾಯಿ ಕಟ್ಟಿ ಕೇಳಿ. 30 ದಿನದ ಗಡುವಿದೆ, ಉತ್ತರ ತಡವಾದರೂ ನ್ಯಾಯಮಂಡಳಿಯಲ್ಲಿ ಉಪಯೋಗಕ್ಕೆ ಬರುತ್ತದೆ. ಔರಾದ್, ಹುಣಸಗಿ, ಚಿಂಚೋಳಿಯಂಥ ಕಡೆಯಿಂದ ಕಲಬುರಗಿಯ ತಜ್ಞರ ಬಳಿ ರೋಗಿಯನ್ನು ಕರೆತರುವುದು ಎಷ್ಟು ಕಷ್ಟ ಎಂದು ಇಲ್ಲಿಯವರಿಗೆ ಯಾರೂ ಹೇಳಬೇಕಿಲ್ಲ. ಬೆಂಗಳೂರಲ್ಲಿ ಕಡತ ನೋಡುವವರಿಗೆ ಹೇಳಬೇಕು. ಕಿಲೋಮೀಟರು, ಬಸ್ಸಿನ ವೇಳೆ, ಎಷ್ಟು ಕಡೆ ಬಸ್ಸು ಬದಲಿಸಬೇಕು ಎಂಬುದನ್ನು ಬರೆಯಿರಿ.

ಅಂಗವಿಕಲತೆ ಇದ್ದರೆ ನಿಮ್ಮ ನೆಲೆ ಇನ್ನೂ ಗಟ್ಟಿ. 2016ರ ಅಂಗವಿಕಲರ ಹಕ್ಕುಗಳ ಕಾಯ್ದೆ 21 ಬಗೆಯ ಅಂಗವಿಕಲತೆಯನ್ನು ಗುರುತಿಸುತ್ತದೆ. ಆಟಿಸಂ, ಥಲಸ್ಸೇಮಿಯಾ, ಸಿಕಲ್ ಸೆಲ್, ಪಾರ್ಕಿನ್ಸನ್ಸ್ ಕೂಡ ಅದರಲ್ಲಿವೆ ಎಂದು ಎಷ್ಟೋ ಮನೆಗಳಿಗೆ ಗೊತ್ತಿಲ್ಲ, ಆದ್ದರಿಂದ ಯುಡಿಐಡಿ (ಅಂಗವಿಕಲರ ಗುರುತಿನ) ಕಾರ್ಡನ್ನೇ ಮಾಡಿಸಿರುವುದಿಲ್ಲ. ನೌಕರರಿಗೇ ಅಂಗವಿಕಲತೆ ಇದ್ದರೆ ಆ ಕಾಯ್ದೆಯ 20ನೇ ಕಲಮು ತಾರತಮ್ಯ ನಿಷೇಧಿಸುತ್ತದೆ, ಸೂಕ್ತ ಅನುಕೂಲ ಮಾಡಿಕೊಡಲು ಹೇಳುತ್ತದೆ. ಜೊತೆಗೆ ರಾಜ್ಯ ಅಂಗವಿಕಲ ವ್ಯಕ್ತಿಗಳ ಆಯುಕ್ತರಿಗೂ ದೂರು ಕೊಡಬಹುದು. ಆದರೆ ಅದನ್ನೇ ನೆಚ್ಚಿ ನ್ಯಾಯಮಂಡಳಿಯ ದಾರಿಯನ್ನು ತಡಮಾಡಬೇಡಿ.

ಕುಟುಂಬದ ಕಾರಣ

ಇಲ್ಲಿ ಮೂರು ಬಗೆ. ಗಂಡ ಹೆಂಡತಿ ಇಬ್ಬರೂ ನೌಕರಿಯಲ್ಲಿರುವುದು, ಮಕ್ಕಳ ಓದು, ವಯಸ್ಸಾದ ಅಥವಾ ಅವಲಂಬಿತ ಹಿರಿಯರು.

ದಂಪತಿ ಪ್ರಕರಣಕ್ಕೆ ಸಂಗಾತಿಯ ಡಿಡಿಓ (ವೇತನ ಬಟವಾಡೆ ಅಧಿಕಾರಿ) ಕೊಟ್ಟ ಸೇವಾ ದೃಢೀಕರಣ, ಇತ್ತೀಚಿನ ವೇತನ ಚೀಟಿ, ಮದುವೆ ನೋಂದಣಿ ಪತ್ರ ಅಥವಾ ಸೇವಾ ಪುಸ್ತಕದಲ್ಲಿ ಸಂಗಾತಿಯ ಹೆಸರಿರುವ ಪುಟ ಬೇಕು. ಅಬ್ಬಾಸ್ ತೀರ್ಪು ಎದುರಿಗೆ ಬಂದಾಗ 2022ರ ಎಸ್.ಕೆ. ನೌಷಾದ್ ರೆಹಮಾನ್ ತೀರ್ಪನ್ನು ತೋರಿಸಿ. ಅಲ್ಲಿ ಸುಪ್ರೀಂ ಕೋರ್ಟ್ ಸುಂಕ ಇಲಾಖೆಯ ಸುತ್ತೋಲೆಯನ್ನು ಎತ್ತಿಹಿಡಿಯಿತು, ನೌಕರರು ಸೋತರು. ಆದರೂ ಕುಟುಂಬ ಜೀವನ, ಅಂಗವಿಕಲರ ಅಗತ್ಯ, ದಂಪತಿಯ ನೇಮಕ ಇವನ್ನು ಸರ್ಕಾರ ತನ್ನ ನೀತಿಯಲ್ಲಿ ಲೆಕ್ಕಕ್ಕೆ ತೆಗೆದುಕೊಳ್ಳಬೇಕು ಎಂದು ಹೇಳಿ ಆ ನೀತಿಯನ್ನು ಮರುಪರಿಶೀಲಿಸಲು ಸೂಚಿಸಿತು. 'ಕುಟುಂಬ ನೋಡುವುದು ನಮ್ಮ ಕೆಲಸವಲ್ಲ' ಎನ್ನುವ ಅಧಿಕಾರಿಗೆ ಇದು ಉತ್ತರ.

ಶಾಲಾ ವರ್ಷದ ನಡುವೆ ಆದೇಶ ಬಂದರೆ ಒ. ಕರುಪ್ಪ ತೇವನ್ ಪ್ರಕರಣವನ್ನು (1994) ಉಲ್ಲೇಖಿಸಿ. ತುರ್ತು ಆಡಳಿತ ಅಗತ್ಯ ಇಲ್ಲದಿದ್ದರೆ ಮಕ್ಕಳು ಓದುತ್ತಿರುವಾಗ ಶೈಕ್ಷಣಿಕ ವರ್ಷದ ಮಧ್ಯೆ ವರ್ಗಾವಣೆ ಜಾರಿ ಮಾಡಬಾರದು ಎಂದು ಅಲ್ಲಿ ಹೇಳಿದೆ. ಮಗಳು ಎಸ್ಸೆಸ್ಸೆಲ್ಸಿಯಲ್ಲೋ ದ್ವಿತೀಯ ಪಿಯುಸಿಯಲ್ಲೋ ಇದ್ದರೆ, ಶಾಲೆಯ ವ್ಯಾಸಂಗ ಪ್ರಮಾಣಪತ್ರ ಲಗತ್ತಿಸಿ, ವರ್ಗಾವಣೆ ರದ್ದನ್ನು ಕೇಳದೆ 'ಶೈಕ್ಷಣಿಕ ವರ್ಷ ಮುಗಿಯುವವರೆಗೆ ಮುಂದೂಡಿ' ಎಂದು ಕೇಳಿ. ಚಿಕ್ಕ ಕೋರಿಕೆ ಬೇಗ ಸಿಗುತ್ತದೆ.

ಹಿರಿಯರ ವಿಷಯದಲ್ಲಿ ಬರುವ ಮೊದಲ ಪ್ರಶ್ನೆ 'ಅಣ್ಣತಮ್ಮಂದಿರಿಲ್ಲೇನು?' ಎಂಬುದು. ಅದಕ್ಕೆ ಉತ್ತರವನ್ನು ಮೊದಲೇ ಬರೆಯಿರಿ. ಅಣ್ಣ ಪುಣೆಯಲ್ಲಿದ್ದಾನೆ, ತಂಗಿ ಮದುವೆಯಾಗಿ ಹೋಗಿದ್ದಾಳೆ, ಪಡಿತರ ಚೀಟಿಯಲ್ಲಿ ತಾಯಿ ನನ್ನ ಹೆಸರಿನ ಜೊತೆಗಿದ್ದಾರೆ ಎಂದು.

ಮನವಿ ಬರೆಯುವುದು

ಎರಡು ಪುಟ ಮೀರಬೇಡಿ. ಕಣ್ಣೀರಿನ ವಾಕ್ಯ ಬೇಡ, ಯಾರ ಮೇಲೂ ಆರೋಪ ಬೇಡ. ಮೇಲಾಧಿಕಾರಿಗಳ ಮೂಲಕ ಕೊಡಿ, ಒಂದು ಮುಂಗಡ ಪ್ರತಿಯನ್ನು ನೇರವಾಗಿ ಸಕ್ಷಮ ಪ್ರಾಧಿಕಾರಕ್ಕೆ ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ. ಕೆಳಗಿನದು ಕಲ್ಪಿತ ಮಾದರಿ.

ಇವರಿಗೆ: ಆಯುಕ್ತರು, ______ ಇಲಾಖೆ, ಬೆಂಗಳೂರು
ಮೂಲಕ: ಜಿಲ್ಲಾ ಅಧಿಕಾರಿಗಳು, ______ ಇಲಾಖೆ, ಕಲಬುರಗಿ

ಮಾನ್ಯರೇ,

ವಿಷಯ: ವರ್ಗಾವಣೆ ಆದೇಶವನ್ನು ಮಾರ್ಪಡಿಸುವಂತೆ ಕೋರಿ.
ಉಲ್ಲೇಖ: ಆದೇಶ ಸಂಖ್ಯೆ ______, ದಿನಾಂಕ ______.

ನಾನು ಕಲಬುರಗಿಯ ______ ಕಚೇರಿಯಲ್ಲಿ ಪ್ರಥಮ ದರ್ಜೆ ಸಹಾಯಕಿಯಾಗಿ ದಿನಾಂಕ ______ ರಿಂದ ಕೆಲಸ ಮಾಡುತ್ತಿದ್ದೇನೆ. ಉಲ್ಲೇಖಿತ ಆದೇಶದಲ್ಲಿ ನನ್ನನ್ನು ಹುಣಸಗಿಗೆ ವರ್ಗಾಯಿಸಲಾಗಿದೆ. ಇಲ್ಲಿ ನನ್ನ ಕನಿಷ್ಠ ಸೇವಾ ಅವಧಿ ದಿನಾಂಕ ______ ಕ್ಕೆ ಪೂರ್ಣಗೊಳ್ಳುತ್ತದೆ.

ನನ್ನ 8 ವರ್ಷದ ಮಗನಿಗೆ ಆಟಿಸಂ ಇರುವುದನ್ನು ದಿನಾಂಕ ______ ರಂದು ಪ್ರಮಾಣೀಕರಿಸಲಾಗಿದೆ (ಯುಡಿಐಡಿ ಪ್ರತಿ, ಅನುಬಂಧ 1). ವಾರಕ್ಕೆ 3 ಸಲ ಕಲಬುರಗಿಯಲ್ಲಿ ವಾಕ್ ಚಿಕಿತ್ಸೆ ನಡೆಯುತ್ತಿದ್ದು, ಅದನ್ನು ನಿಲ್ಲಿಸಿದರೆ ಆದ ಪ್ರಗತಿ ಕುಂಠಿತವಾಗುತ್ತದೆ ಎಂದು ತಜ್ಞರು ಬರೆದಿದ್ದಾರೆ (ಅನುಬಂಧ 2). ಹುಣಸಗಿಯಲ್ಲಿ ಈ ಸೌಲಭ್ಯವಿಲ್ಲವೆಂಬ ಪತ್ರ ಅನುಬಂಧ 3. ನನ್ನ ಪತಿ ಕಮಲಾಪುರ ತಾಲ್ಲೂಕಿನಲ್ಲಿ ಸರ್ಕಾರಿ ಶಾಲಾ ಶಿಕ್ಷಕರು (ಅನುಬಂಧ 4).

ದಿನಾಂಕ 07.06.2013ರ ಸರ್ಕಾರಿ ಆದೇಶ ಹಾಗೂ ಚಾಲ್ತಿಯಲ್ಲಿರುವ ಸುತ್ತೋಲೆಯಂತೆ ನನ್ನ ಪ್ರಕರಣವನ್ನು ಪರಿಶೀಲಿಸಿ, ಆದೇಶವನ್ನು ರದ್ದುಪಡಿಸಲು ಕೋರುತ್ತೇನೆ. ಅದು ಸಾಧ್ಯವಾಗದಿದ್ದಲ್ಲಿ ನನ್ನ ವೃಂದದಲ್ಲಿ ಖಾಲಿ ಇರುವ ಕಲಬುರಗಿ ನಗರದ ______ ಕಚೇರಿ, ಶಹಾಬಾದ್ ಅಥವಾ ಕಮಲಾಪುರದ ಹುದ್ದೆಗೆ ಮಾರ್ಪಡಿಸಲು, ಹಾಗೂ ಈ ಮನವಿ ಇತ್ಯರ್ಥವಾಗುವವರೆಗೆ ನನ್ನನ್ನು ಬಿಡುಗಡೆ ಮಾಡದಿರಲು ವಿನಂತಿಸುತ್ತೇನೆ.

ತಮ್ಮ ವಿಶ್ವಾಸಿ,

ಕೊನೆಯ ಪ್ಯಾರಾದಲ್ಲಿರುವ ಪರ್ಯಾಯ ಹುದ್ದೆಗಳ ಪಟ್ಟಿಯೇ ನನ್ನ ಅನುಭವದಲ್ಲಿ ಅತಿ ಹೆಚ್ಚು ಕೆಲಸ ಮಾಡುವ ಸಾಲು. ಆದೇಶ ರದ್ದು ಮಾಡುವುದೆಂದರೆ ಅಧಿಕಾರಿಗೆ ತನ್ನದೇ ಸಹಿಯನ್ನು ಹಿಂದಕ್ಕೆ ಪಡೆದಂತೆ. ಖಾಲಿ ಹುದ್ದೆಗೆ ಮಾರ್ಪಾಡು ಮಾಡುವುದು ಸುಲಭ. ಆದರೆ ಹುದ್ದೆ ನಿಜವಾಗಿ ಖಾಲಿ ಇದೆಯೇ ಎಂದು ವಿಚಾರಿಸಿ ಬರೆಯಿರಿ. ಪರಸ್ಪರ ವರ್ಗಾವಣೆಗೆ ಒಪ್ಪುವವರಿದ್ದರೆ ಅವರ ಒಪ್ಪಿಗೆ ಪತ್ರವನ್ನೂ ಸೇರಿಸಿ.

ಟಪಾಲು ಶಾಖೆಯಲ್ಲಿ ಕೊಟ್ಟು, ನಿಮ್ಮ ಪ್ರತಿಯ ಮೇಲೆ ಮೊಹರು, ದಿನಾಂಕ, ಸಂಖ್ಯೆ ಹಾಕಿಸಿಕೊಳ್ಳಿ. 'ಸಾಹೇಬ್ರ ಪಿ.ಎ. ಕೈಯಾಗ ಕೊಟ್ಟೀನ್ರಿ, ನೋಡ್ತೀನಿ ಅಂದಾರ' ಎಂದು ಹೇಳಿಕೊಂಡು ಬಂದವರಿಗೆ ನಾಳೆ ನ್ಯಾಯಮಂಡಳಿಯಲ್ಲಿ ತೋರಿಸಲು ಏನೂ ಇರುವುದಿಲ್ಲ.

ಶಾಸಕರ ಲೆಟರ್, ಮಂತ್ರಿಗಳ ಮಿನಿಟ್ (ಶಿಫಾರಸು ಟಿಪ್ಪಣಿ) ಬಗ್ಗೆ ಎಲ್ಲರೂ ಕೇಳುತ್ತಾರೆ. ರಾಜಕೀಯ ಪ್ರಭಾವ ತರುವುದನ್ನು ನಡತೆ ನಿಯಮಗಳು ನಿಷೇಧಿಸುತ್ತವೆ, ಆ ಪತ್ರ ನಿಮ್ಮದೇ ಕಡತದಲ್ಲಿ ನಿಮ್ಮ ವಿರುದ್ಧ ಸಾಕ್ಷಿಯಾಗಿ ಕೂರುತ್ತದೆ. ಎದುರು ಪಕ್ಷದವರು ಮಿನಿಟ್ ತಂದು ನಿಮ್ಮ ಜಾಗಕ್ಕೆ ಬಂದಿದ್ದಾರೆ ಎಂದು ವಾದಿಸಬೇಕಾದಾಗ, ನಿಮ್ಮ ಕೈಯೂ ಶುದ್ಧವಿರಬೇಕು.

ಬಿಡುಗಡೆಯಾದರೆ?

ಮನವಿ ಕೊಟ್ಟಿದ್ದೇನೆ, ಹಾಗಾಗಿ ಹೋಗುವುದಿಲ್ಲ ಎಂದು ಕೂರಬೇಡಿ. ಗುಜರಾತ್ ವಿದ್ಯುತ್ ಮಂಡಳಿಯ ಆತ್ಮಾರಾಂ ಪೋಶಾನಿ ಪ್ರಕರಣದಲ್ಲಿ (1989) ಹೀಗೆ ಕೂತ ನೌಕರರು ಕೆಲಸವನ್ನೇ ಕಳೆದುಕೊಂಡರು, ಸುಪ್ರೀಂ ಕೋರ್ಟ್ ಮಂಡಳಿಯ ಪರ ನಿಂತಿತು. ಮನವಿ ಬಾಕಿ ಇದೆ ಎಂಬುದು ತಡೆಯಾಜ್ಞೆಯಲ್ಲ. ತಡೆ, ರದ್ದು ಅಥವಾ ಮಾರ್ಪಾಡಿನ ಲಿಖಿತ ಆದೇಶ ಕೈಯಲ್ಲಿಲ್ಲದಿದ್ದರೆ ಚಲನಾದೇಶ (ಬಿಡುಗಡೆ ಪತ್ರ) ಸ್ವೀಕರಿಸಿ, ಸೇರಿಕೆ ಕಾಲದೊಳಗೆ ಹೊಸ ಜಾಗಕ್ಕೆ ಹಾಜರಾಗಿ. ಹಾಜರಾತಿ ವರದಿಯಲ್ಲಿ 'ನನ್ನ ದಿನಾಂಕ ______ ರ ಮನವಿಯ ಹಾಗೂ ಹೂಡಬಹುದಾದ ಪ್ರಕರಣದ ಫಲಿತಾಂಶಕ್ಕೆ ಒಳಪಟ್ಟು ಹಾಜರಾಗಿರುತ್ತೇನೆ' ಎಂದು ಒಂದು ಸಾಲು ಬರೆಯಿರಿ. ಹಾಜರಾದ ಮಾತ್ರಕ್ಕೆ ಪ್ರಶ್ನಿಸುವ ಹಕ್ಕು ಹೋಗುವುದಿಲ್ಲ, ಸಂಬಳವೂ ನಿಲ್ಲುವುದಿಲ್ಲ. ಎಲ್.ಪಿ.ಸಿ. (ಕೊನೆಯ ವೇತನ ಪ್ರಮಾಣಪತ್ರ) ಹೋಗದೆ ತಿಂಗಳುಗಟ್ಟಲೆ ಸಂಬಳವಿಲ್ಲದೆ, ಮನೆಯಲ್ಲಿ ರೋಗಿಯನ್ನಿಟ್ಟುಕೊಂಡು ಔಷಧಿಗೆ ಸಾಲ ಮಾಡಿದ ಸಂಸಾರಗಳನ್ನು ಕಂಡು ಈ ಮಾತು ಹೇಳುತ್ತಿದ್ದೇನೆ.

ಆದೇಶ ತಪ್ಪಿಸಲೆಂದೇ ವೈದ್ಯಕೀಯ ರಜೆ ಹಾಕುವುದೂ ಬೇಡ. ಇಲಾಖೆ ನಿಮ್ಮನ್ನು ವೈದ್ಯಕೀಯ ಮಂಡಳಿಗೆ ಕಳಿಸುತ್ತದೆ, 'ಕರ್ತವ್ಯಕ್ಕೆ ಅರ್ಹರು' ಎಂದು ಬಂದರೆ ನಿಮ್ಮ ನಿಜವಾದ ಕಾಯಿಲೆಯ ಮಾತನ್ನೂ ಆಮೇಲೆ ಯಾರೂ ನಂಬುವುದಿಲ್ಲ. ನಿಜಕ್ಕೂ ಹಾಸಿಗೆ ಹಿಡಿದಿದ್ದರೆ ಮಾತು ಬೇರೆ.

ನ್ಯಾಯಮಂಡಳಿಯ ಬಾಗಿಲು

ರಾಜ್ಯ ಸರ್ಕಾರದ ಸಿವಿಲ್ ಸೇವೆಯವರು ಮೊದಲು ಹೋಗಬೇಕಾದದ್ದು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ, ಜನ ಕೆ.ಎ.ಟಿ. ಎನ್ನುವುದು ಇದನ್ನೇ. ಕಲಬುರಗಿಯಲ್ಲೇ ಅದರ ಪೀಠ ಇದೆ, ಮೊದಲಿನಂತೆ ಬೆಂಗಳೂರಿನ ರೈಲು ಹತ್ತಬೇಕಿಲ್ಲ. ನೇರವಾಗಿ ಹೈಕೋರ್ಟಿಗೆ ಹೋಗಲಾಗದು ಎಂದು 1997ರ ಎಲ್. ಚಂದ್ರಕುಮಾರ್ ತೀರ್ಪು ಹೇಳಿದೆ. ನ್ಯಾಯಮಂಡಳಿಯಲ್ಲಿ ಸೋತ ಮೇಲೆ ಹೈಕೋರ್ಟಿನ ಕಲಬುರಗಿ ಪೀಠದಲ್ಲಿ ವಿಭಾಗೀಯ ಪೀಠದ ಮುಂದೆ ರಿಟ್ ಹಾಕಬಹುದು. ಆದರೆ ಜೆಸ್ಕಾಂ (ವಿದ್ಯುತ್ ಸರಬರಾಜು ಕಂಪನಿ), ಕಲ್ಯಾಣ ಕರ್ನಾಟಕ ರಸ್ತೆ ಸಾರಿಗೆ ನಿಗಮ, ವಿಶ್ವವಿದ್ಯಾಲಯದ ನೌಕರರು ರಾಜ್ಯ ಸಿವಿಲ್ ಸೇವೆಯವರಲ್ಲ. ಅವರ ದಾರಿ ಹೈಕೋರ್ಟಿನ ಕಲಬುರಗಿ ಪೀಠ. ಕೇಂದ್ರ ಸರ್ಕಾರಿ ನೌಕರರಿಗೆ ಬೆಂಗಳೂರಿನ ಕೇಂದ್ರ ಆಡಳಿತ ನ್ಯಾಯಮಂಡಳಿ. ತಪ್ಪು ಬಾಗಿಲು ಬಡಿದು ಬರುವಷ್ಟರಲ್ಲಿ ಬದಲಿ ನೌಕರರು ನಿಮ್ಮ ಕುರ್ಚಿಯಲ್ಲಿ ಕೂತಿರುತ್ತಾರೆ.

1985ರ ಆಡಳಿತ ನ್ಯಾಯಮಂಡಳಿಗಳ ಕಾಯ್ದೆಯ 19ನೇ ಕಲಮಿನಡಿ ಅರ್ಜಿ. ಕಾಲಮಿತಿ ಒಂದು ವರ್ಷ ಎಂದಿದ್ದರೂ ವರ್ಗಾವಣೆಯಲ್ಲಿ ಆ ಲೆಕ್ಕಕ್ಕೆ ಅರ್ಥವಿಲ್ಲ, ಬಿಡುಗಡೆಗೆ ಮೊದಲೇ ಹೋಗಬೇಕು. ವಕೀಲರನ್ನು ಹಿಡಿಯುವಾಗ ಸೇವಾ ಪ್ರಕರಣ ನಡೆಸಿದವರನ್ನೇ ಹುಡುಕಿ. ಹಣದ ಅಡಚಣೆ ಇದ್ದರೆ, ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರು ಆದಾಯ ಎಷ್ಟೇ ಇದ್ದರೂ ಉಚಿತ ಕಾನೂನು ನೆರವಿಗೆ ಅರ್ಹರು. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಲ್ಲಿ ಅರ್ಜಿ ಕೊಡಿ. ನೀವೇ ಸ್ವತಃ ವಾದಿಸಲೂ ಅವಕಾಶವಿದೆ.

ಪ್ರತಿವಾದಿಗಳಾಗಿ ಇಲಾಖೆಯ ಕಾರ್ಯದರ್ಶಿ, ಆಯುಕ್ತರು, ಜಿಲ್ಲಾ ಮಟ್ಟದ ಅಧಿಕಾರಿ ಇರುತ್ತಾರೆ. ನಿಮ್ಮ ಜಾಗಕ್ಕೆ ಬಂದವರನ್ನೂ ಸೇರಿಸಲೇಬೇಕು. ಅವರನ್ನು ಬಿಟ್ಟರೆ ಅದೊಂದೇ ಕಾರಣಕ್ಕೆ ಅರ್ಜಿ ಬೀಳಬಹುದು. ಅವರು ಮೊದಲೇ ಕೇವಿಯಟ್ ಹಾಕಿದ್ದರೆ ಅವರನ್ನು ಕೇಳದೆ ತಡೆಯಾಜ್ಞೆ ಸಿಗದು, ಅದನ್ನು ರಿಜಿಸ್ಟ್ರಿಯಲ್ಲಿ ವಿಚಾರಿಸಿ.

ಆಧಾರಗಳನ್ನು ಜೋಡಿಸುವ ಕ್ರಮಕ್ಕೆ ಮಹತ್ವ ಇದೆ. ಮೊದಲು ಕಾನೂನು: ಅವಧಿಪೂರ್ವ ವರ್ಗಾವಣೆ, ಅನುಮೋದನೆ ಇಲ್ಲ, ಕಾರಣ ಇಲ್ಲ, ಕಾಯ್ದೆಯ ಕಲಮು ಉಲ್ಲಂಘನೆ, ಅಧಿಕಾರವಿಲ್ಲದವರ ಆದೇಶ. ಆಮೇಲೆ ಮನವಿ ಪರಿಶೀಲಿಸಿಲ್ಲ ಎಂಬುದು. ಅದಾದ ಮೇಲೆ ಆರೋಗ್ಯ, ಕುಟುಂಬ. ತಾಯಿಯ ಕಾಯಿಲೆಯನ್ನು ಮೂರನೇ ಸಾಲಿಗೆ ಇಡುವುದು ಮನಸ್ಸಿಗೆ ಒಗ್ಗುವುದಿಲ್ಲ, ನನಗೆ ಗೊತ್ತು. ಆದರೆ ಆದೇಶದಲ್ಲಿ ಕಾನೂನಿನ ದೋಷ ಕಂಡ ನ್ಯಾಯಪೀಠಕ್ಕೆ, ತಡೆ ಕೊಡದಿದ್ದರೆ ಆಗುವ ನಷ್ಟ ಎಷ್ಟು ದೊಡ್ಡದು ಎಂದು ತೋರಿಸುವುದು ಆ ಕಾಯಿಲೆಯ ದಾಖಲೆಯೇ. ಅದು ಅಲ್ಲಿ ಬಹಳ ದೊಡ್ಡ ಕೆಲಸ ಮಾಡುತ್ತದೆ.

ದೂರು ಬಂತೆಂದು ವಿಚಾರಣೆ ಮಾಡದೆ ಎತ್ತಿಹಾಕಿದ್ದರೆ ಸೋಮೇಶ್ ತಿವಾರಿ ಪ್ರಕರಣ (2009) ನಿಮ್ಮ ನೆರವಿಗಿದೆ: ಶಿಕ್ಷೆಯ ಬದಲಿಗೆ ಮಾಡಿದ ವರ್ಗಾವಣೆ ಕಾನೂನುಬಾಹಿರ. ಯಾರದೋ ದುರುದ್ದೇಶ ಎಂದು ಆರೋಪಿಸುವುದಾದರೆ ಆ ವ್ಯಕ್ತಿಯನ್ನು ಹೆಸರಿಸಿ ಪಕ್ಷಕಾರರನ್ನಾಗಿ ಮಾಡಬೇಕು, ಸಾಕ್ಷ್ಯ ಕೊಡಬೇಕು. ಸಾಕ್ಷ್ಯವಿಲ್ಲದಿದ್ದರೆ ಆ ಆರೋಪ ಮಾಡಲೇಬೇಡಿ, ಉಳಿದ ವಾದವನ್ನೂ ಅದು ಕೆಡಿಸುತ್ತದೆ.

ಮಧ್ಯಂತರ ತಡೆಯನ್ನು ಅರ್ಜಿಯ ಜೊತೆಗೇ ಕೇಳಿ. ಕಾಯ್ದೆಯ 24ನೇ ಕಲಮಿನ ಪ್ರಕಾರ ಸಾಮಾನ್ಯವಾಗಿ ಎದುರು ಪಕ್ಷಕ್ಕೆ ಪ್ರತಿ ಕೊಟ್ಟು, ಅವರ ಮಾತು ಕೇಳಿದ ಮೇಲೆಯೇ ತಡೆ. ತುಂಬ ತುರ್ತಿದ್ದರೆ ಕಾರಣ ಬರೆದು ಹಾಗೆಯೇ ಕೊಡಬಹುದು, ಅದು 14 ದಿನಕ್ಕೆ ಮಾತ್ರ. ಆದ್ದರಿಂದ ಪ್ರತಿಗಳನ್ನು ಸರ್ಕಾರಿ ವಕೀಲರ ಕಚೇರಿಗೆ ಮೊದಲೇ ತಲುಪಿಸಿ ಸ್ವೀಕೃತಿ ಇಟ್ಟುಕೊಳ್ಳಿ. ವರ್ಗಾವಣೆಯ ಕಾಲ ಬೇಸಿಗೆ ರಜೆಯ ಹೊತ್ತಿಗೇ ಬರುವುದರಿಂದ ಪೀಠ ಯಾವ ದಿನ ಕೂರುತ್ತದೆ ಎಂದು ಮುಂಚೆ ವಿಚಾರಿಸಿ. ಅನುಮೋದನೆಯ ಕಡತವನ್ನು ತರಿಸಿ ನೋಡುವಂತೆಯೂ ಪೀಠವನ್ನು ಕೋರಿ, ಟಿಪ್ಪಣಿ ಹಾಳೆಯಲ್ಲೇ ಸತ್ಯ ಇರುತ್ತದೆ.

ಆದೇಶ ಬಂದ ಮೇಲೆ

ತಡೆಯಾಜ್ಞೆ ಸಿಕ್ಕರೆ ದೃಢೀಕೃತ ಪ್ರತಿಯನ್ನು ಅದೇ ದಿನ ಕಚೇರಿಗೆ, ಜಿಲ್ಲಾ ಅಧಿಕಾರಿಗೆ, ಆಯುಕ್ತರಿಗೆ ತಲುಪಿಸಿ, ಅಲ್ಲಿಯೂ ಮೊಹರು ಹಾಕಿಸಿಕೊಳ್ಳಿ. ಹಾಜರಿ ಪುಸ್ತಕದಲ್ಲಿ ಸಹಿ ಮಾಡಲು ಬಿಡದಿದ್ದರೆ ಜಗಳ ಬೇಡ. ಕಚೇರಿಗೆ ಬಂದಿದ್ದೇನೆಂದು ದಿನವೂ ಲಿಖಿತವಾಗಿ ಕೊಟ್ಟು, ಅದನ್ನೇ ಇ-ಮೇಲ್ ಮಾಡಿ. ಆದೇಶ ಪಾಲಿಸದಿದ್ದರೆ 17ನೇ ಕಲಮಿನಡಿ ನ್ಯಾಯಾಂಗ ನಿಂದನೆಯ ಅರ್ಜಿಗೆ ಈ ಕಾಗದಗಳೇ ಬೇಕು.

ಹೆಚ್ಚಿನ ಪ್ರಕರಣಗಳಲ್ಲಿ ಸಿಗುವುದು ನಡುವಿನ ಆದೇಶ: 'ಅರ್ಜಿದಾರರ ಮನವಿಯನ್ನು ಇಷ್ಟು ವಾರದೊಳಗೆ ಪರಿಗಣಿಸಿ ಸಕಾರಣ ಆದೇಶ ಹೊರಡಿಸತಕ್ಕದ್ದು.' ಇದನ್ನು ಸೋಲೆಂದು ಕೈಚೆಲ್ಲುವವರಿದ್ದಾರೆ. ನಿಮ್ಮ ಮನವಿ ಮೊದಲೇ ಗಟ್ಟಿಯಾಗಿ ಬರೆದದ್ದಿದ್ದರೆ ಈಗ ಅದಕ್ಕೆ ಕಾಲಮಿತಿಯ ಬಲ ಬಂದಿದೆ. ಆದೇಶದ ಪ್ರತಿಯ ಜೊತೆ ಹಳೆಯ ಮನವಿಯನ್ನೂ, ಅಷ್ಟರಲ್ಲಿ ಬಂದ ವೈದ್ಯಕೀಯ ಮಂಡಳಿಯ ವರದಿ, ಮಾಹಿತಿ ಹಕ್ಕಿನ ಉತ್ತರಗಳನ್ನೂ ಸೇರಿಸಿ ಮತ್ತೊಮ್ಮೆ ಸಲ್ಲಿಸಿ. ಖಾಲಿ ಹುದ್ದೆಗಳ ಪಟ್ಟಿಯನ್ನು ಹೊಸದಾಗಿ ವಿಚಾರಿಸಿ ತಿದ್ದಿ, ಹಿಂದೆ ಕೇಳಿದ ಹುದ್ದೆ ಈಗ ತುಂಬಿರಬಹುದು. ಮನವಿ ತಿರಸ್ಕೃತವಾದರೆ ಹಿಂಬರಹದಲ್ಲಿ (ಇಲಾಖೆ ಕೊಡುವ ಲಿಖಿತ ಉತ್ತರದಲ್ಲಿ) ಕಾರಣ ಕೊಟ್ಟಿದ್ದಾರೆಯೇ ನೋಡಿ. 'ಪರಿಶೀಲಿಸಿ ತಿರಸ್ಕರಿಸಲಾಗಿದೆ' ಎಂಬ ಒಂದೇ ಸಾಲು ಸಕಾರಣ ಆದೇಶವಲ್ಲ. ಆ ಹಿಂಬರಹವನ್ನೇ ಹೊಸ ಅರ್ಜಿಯಲ್ಲಿ ಪ್ರಶ್ನಿಸಬಹುದು, ಅದರ ಕಾಲಮಿತಿ ಹಿಂಬರಹದ ದಿನಾಂಕದಿಂದ ಹೊಸದಾಗಿ ಶುರುವಾಗುತ್ತದೆ.